ಸ್ಟೇಶನ್ ಮಾಸ್ತರನಾಗಲು ಮೂರು ವಾರ

ಮೊದಲ ದಿನ ಆ ಇಂಗ್ಲಿಷ್ ನಟಿ ನನಗೆ ಕೊಟ್ಟ ಕೆಲಸ ಸುಮ್ಮನೆ ನಿಲ್ಲುವುದು. ಸೋಲಾಪುರದ ಸರಕಾರಿ ಬಂಗಲೆಯ ಪಡಸಾಲೆಯಲ್ಲಿ ಸೀಮೆಸುಣ್ಣದಿಂದ ಎರಡು ಗೆರೆ ಎಳೆದರು. ಒಂದರ ಮೇಲೆ ತಾವು ನಿಂತು, ಅದರ ಹಿಂದಿನ ಗೆರೆಯ ಮೇಲೆ ನನ್ನನ್ನು ನಿಲ್ಲಿಸಿದರು. ನಾನು ಸೆರಗು ಸರಿಪಡಿಸಿಕೊಂಡೆ. "ಅದು ಬೇಡ," ಎಂದರು, ತಿರುಗಿ ನೋಡದೆ. ತುಸು ಹೊತ್ತಿಗೆ ಬಳೆಗಳನ್ನು ಮೇಲಕ್ಕೆ ಸರಿಸಿದೆ. "ಅದೂ ಬೇಡ." ಸಪ್ಪಳದಿಂದಲೇ ಅವರಿಗೆ ತಿಳಿಯುತ್ತಿತ್ತು. ಒಂದು ದಿನದಲ್ಲಿ ನಾನು ಎಷ್ಟು ಸಲ ನನ್ನ ಮೈಯನ್ನು ನಾನೇ ಮುಟ್ಟಿಕೊಳ್ಳುತ್ತೇನೆ ಎಂಬುದು ನನಗೆ ಆ ಅರ್ಧ ತಾಸಿನಲ್ಲಿ ಗೊತ್ತಾಯಿತು.

"ನೋಡುವವರ ಕಣ್ಣು ಅಲುಗಾಡುವುದರ ಕಡೆಗೆ ಹೋಗುತ್ತದೆ. ನಾನು ದುಡಿಯುವಾಗ ನೀವು ಅಲುಗಾಡಿದರೆ ನನಗೆ ಬರಬೇಕಾದ ನಗು ದಾರಿಯಲ್ಲೇ ಕಳೆದುಹೋಗುತ್ತದೆ," ಎಂದು ಆಮೇಲೆ ವಿವರಿಸಿದರು. ಅವರ ಇಂಗ್ಲಿಷನ್ನು ಇಲ್ಲೆಲ್ಲ ನನ್ನ ಕನ್ನಡದಲ್ಲಿ ಬರೆಯುತ್ತಿದ್ದೇನೆ.

ಅವರು ಜನರನ್ನು ನಗಿಸುವ ನಟಿ. ಐವತ್ತರ ಆಸುಪಾಸಿನ ವಯಸ್ಸು. ಮುಂಬೈಗೆ ಬಂದಿಳಿದಾಗ ಜೊತೆಗೊಬ್ಬ ನಟನಿದ್ದ. ಅವನು ಕಂಬದಂತೆ ನಿಲ್ಲುವವನು, ಇವರು ಅವನ ಸುತ್ತ ಬಿದ್ದೆದ್ದು ನಗಿಸುವವರು. ಪುಣೆಯಲ್ಲಿ ಅವನಿಗೆ ಕಾಮಾಲೆಯಾಗಿ, ಹಡಗು ಹತ್ತಿಸಿ ಊರಿಗೆ ಕಳಿಸಿದ್ದರು. ಮುಂದಿನ ಪ್ರವಾಸವೆಲ್ಲ ದಕ್ಷಿಣದ ಸಣ್ಣಪುಟ್ಟ ಸಂಸ್ಥಾನಗಳಲ್ಲಿ, ಇನಾಮದಾರರ ದೊಡ್ಡ ಮನೆಗಳಾದ ವಾಡೆಗಳಲ್ಲಿ. ಅಲ್ಲಿ ಹೆಂಗಸರು ಪ್ರತ್ಯೇಕ ಕೂರುತ್ತಾರೆ, ಅವರಿಗೆ ಇಂಗ್ಲಿಷ್ ಬಾರದು. ಪ್ರವಾಸ ಏರ್ಪಡಿಸಿದ ಮುಂಬೈಯ ಏಜೆಂಟ್ ಒಂದು ಕಾಗದ ಬರೆದಿದ್ದ. ಮೂರು ವಾರದ ನಂತರ ಅಕ್ಕಲಕೋಟೆಯ ಒಂದು ವಾಡೆಯಲ್ಲಿ ಹೆಂಗಸರ ಮುಂದೆ ಆಟವಿದೆ, ತಾನೇ ಬಂದು ನೋಡುತ್ತೇನೆ ಎಂದಿದ್ದ. ಅವರು ನಕ್ಕರೆ ದಕ್ಷಿಣದ ಗಾಡಿ, ಇಲ್ಲದಿದ್ದರೆ ಮುಂಬೈಯಿಂದ ಹಡಗು. ಆ ಕಾಗದವನ್ನು ಅವರು ನನಗೆ ಮೊದಲ ದಿನವೇ ಓದಿಸಿದರು.

"ಹಡಗು ಹತ್ತಿದರೆ ಏನಾಗುತ್ತದೆ?" ಎಂದು ಕೇಳಿದೆ.

"ನಾನು ಆಡಿದ ನಾಟಕದ ಥೇಟರುಗಳೆಲ್ಲ ಒಂದೊಂದಾಗಿ ಸಿನಿಮಾ ಮಂದಿರ ಆಗುತ್ತಿವೆ. ಸಮುದ್ರದ ದಂಡೆಯ ಮೇಲೆ ನನ್ನ ತಂಗಿ ಬಾಡಿಗೆ ಕೋಣೆಗಳ ಮನೆ ನಡೆಸುತ್ತಾಳೆ. ಅಲ್ಲಿ ಹಾಸಿಗೆ ಹೊದಿಸುತ್ತೇನೆ," ಎಂದರು. ದುಃಖದಿಂದ ಹೇಳಿದಂತಿರಲಿಲ್ಲ, ಗಾಡಿಯ ವೇಳೆ ಹೇಳಿದಂತಿತ್ತು.

ನನ್ನ ಗಂಡ ವಕೀಲರು. ಇಂಗ್ಲಿಷ್, ಕನ್ನಡ, ಮರಾಠಿ ಮೂರೂ ಬಲ್ಲ ಹೆಂಗಸು ಬೇಕಾಗಿದ್ದಾಳೆಂದು ಅವರಿಗೆ ಕಚೇರಿಯಲ್ಲಿ ಯಾರೋ ಹೇಳಿದ್ದರು. ನಾನು ಪುಣೆಯಲ್ಲಿ ಕ್ರೈಸ್ತ ಸಂನ್ಯಾಸಿನಿಯರ ಸಾಲಿಯಲ್ಲಿ ಓದಿದವಳು. ಮದುವೆಯಾದ ಮೇಲೆ ಆ ಇಂಗ್ಲಿಷ್ ಔಷಧದ ಬಾಟಲಿಗಳ ಮೇಲಿನ ಚೀಟಿ ಓದುವುದಕ್ಕಷ್ಟೇ ಉಳಿದಿತ್ತು. ಅತ್ತೆಯವರು ಹಿಟ್ಟು ನಾದುತ್ತಿದ್ದಾಗ ವಿಷಯ ಎತ್ತಿದೆವು.

"ನಾಟಕದಾಕಿ ಏನು?"

"ಹೌದ್ರಿ ಅತ್ಯಾರ. ಆದ್ರ ಹೆಣ್ಮಕ್ಕಳ ಮುಂದ ಅಷ್ಟ ಆಡತಾಳಂತ."

"ಕುಣೀತಾಳೇನು?"

"ಇಲ್ರಿ. ನಗಸ್ತಾಳ."

ಅತ್ತೆ ಕೈ ತಡೆದು ಮಗನನ್ನು ನೋಡಿದರು. "ನಗಸಾಕ ವಿಲಾಯತಿಯಿಂದ ಬರಬೇಕಾತೇನಪಾ? ನಿಮ್ಮ ಕಾಕಾನ್ನ ಖುರ್ಚಿ ಮ್ಯಾಲ ಕುಂದರಿಸಿದ್ರ ಸಾಕಿತ್ತಲ್ಲ." ಆಮೇಲೆ ನನ್ನ ಕಡೆ ತಿರುಗಿದರು. "ಮಧ್ಯಾಹ್ನದ ಭೋಂಗಾ ಆದ ಮ್ಯಾಲ ಹೋಗು. ಸಂಜೀ ಭೋಂಗಾಕ್ಕ ಮನ್ಯಾಗಿರಬೇಕು. ಅಲ್ಲಿ ಚಹಾ ಕುಡೀಬ್ಯಾಡ." ಗಿರಣಿಯ ಭೋಂಗಾದ ಕೂಗಿನ ಮೇಲೆಯೇ ನಮ್ಮ ಮನೆಯ ಗಡಿಯಾರ ನಡೆಯುತ್ತಿದ್ದುದು.

ಹೀಗೆ ದಿನಕ್ಕೆ ನಾಲ್ಕು ತಾಸು ನನ್ನ ಕೆಲಸ ಶುರುವಾಯಿತು.

ಅವರ ಟ್ರಂಕಿನಲ್ಲಿ ಮೂರು ಟೋಪಿ, ಒಂದು ಕೊಡೆ, ತಂತಿಯಿಲ್ಲದ ಒಂದು ಟೆಲಿಫೋನು, ಮಡಚುವ ಖುರ್ಚಿ ಇದ್ದವು. ನಾಲ್ಕು ಆಟಗಳು. ಟೋಪಿಯ ಅಂಗಡಿಯಲ್ಲಿ ಕೆಲಸಕ್ಕೆ ಸೇರಿದ ಹುಡುಗಿ, ಮೊದಲ ಸಲ ಟೆಲಿಫೋನಿನಲ್ಲಿ ಮಾತಾಡುವ ಮುದುಕಿ, ಸೈಕಲ್ ಕಲಿಯುವ ಮಾಸ್ತರಿಣಿ, ರೈಲ್ವೆ ಸ್ಟೇಶನ್ನಿನಲ್ಲಿ ಗಂಡನನ್ನು ಕಳೆದುಕೊಂಡ ಹೆಂಡತಿ. ಅವರು ಒಂದು ಸಾಲು ಹೇಳುವುದು, ನಾನು ಹಿಂದಿನಿಂದ ಕನ್ನಡದಲ್ಲಿ ಹೇಳುವುದು, ಆಮೇಲೆ ಅವರು ಅಭಿನಯ ಮಾಡುವುದು ಎಂದು ಗೊತ್ತುಮಾಡಿಕೊಂಡೆವು. ಬೆನ್ನ ಹಿಂದೆ ಒಂದು ಬೆರಳು ಎತ್ತಿದರೆ ನಾನು ಶುರುಮಾಡಬೇಕು, ಎರಡು ಎತ್ತಿದರೆ ಅರ್ಧ ಶಬ್ದದಲ್ಲಾದರೂ ನಿಲ್ಲಿಸಬೇಕು. ನನ್ನ ಸಾಲು ಅವರ ಒಂದು ಉಸಿರಿಗಿಂತ ಉದ್ದವಾಗಬಾರದು. ನಾನು ಬರೆದು ತಂದದ್ದನ್ನೆಲ್ಲ ಅವರು ಉಸಿರು ಹಿಡಿದು ಕೇಳುತ್ತಿದ್ದರು. ಮುಖ ಕೆಂಪಾದರೆ ಆ ಸಾಲು ಕತ್ತರಿಸಬೇಕು.

ನಡುನಡುವೆ ಬಿಸಿನೀರು ಕುಡಿಯುತ್ತ ಕೂತಾಗ ಹಳೆಯ ಸಂಗತಿ ಹೇಳುತ್ತಿದ್ದರು, ಒಂದಕ್ಕೊಂದು ಸಂಬಂಧವಿಲ್ಲದೆ. ಏಳು ವರ್ಷದವರಿದ್ದಾಗ ಮಕ್ಕಳ ನಾಟಕದಲ್ಲಿ ಕತ್ತೆಯ ವೇಷದ ಹಿಂಗಾಲಾಗಿದ್ದರಂತೆ. ಎರಡು ವರ್ಷ ನಿಜವಾಗಿಯೂ ಟೋಪಿ ಮಾರಿದ್ದರು. ಮಹಾಯುದ್ಧದ ಕಾಲಕ್ಕೆ ಆಸ್ಪತ್ರೆಯಲ್ಲಿ ಕಣ್ಣಿಗೆ ಪಟ್ಟಿ ಕಟ್ಟಿದ ಸಿಪಾಯಿಗಳ ಮುಂದೆ ಬರೀ ಧ್ವನಿಯಿಂದ ನಗಿಸಬೇಕಾಯಿತು. ಆಮೇಲೆ ಮೂಕಿ ಸಿನಿಮಾದಲ್ಲಿ ಧ್ವನಿಯೇ ಬೇಡವಾಯಿತು, ಕೊಳಕ್ಕೆ ಬಿದ್ದು ಬಿದ್ದು ಕಿವಿ ಸೋರತೊಡಗಿತು. ರೇಡಿಯೋದವರು ಒಂದು ಖಾಲಿ ಕೋಣೆಯಲ್ಲಿ ನಿಲ್ಲಿಸಿದಾಗ ಮಾತ್ರ ಕೈಕಾಲು ಆಡಲಿಲ್ಲವಂತೆ. "ಅಲ್ಲಿ ನಕ್ಕರೋ ಇಲ್ಲವೋ ತಿಳಿಯುವುದೇ ಇಲ್ಲ. ಅದು ಬಾವಿಯೊಳಗೆ ಮಾತಾಡಿದ ಹಾಗೆ." ಅವರ ಕಾಲುಚೀಲದ ಹಿಮ್ಮಡಿಯಲ್ಲಿ ಬೇರೆ ಬಣ್ಣದ ನೂಲಿನ ಹೊಲಿಗೆಯಿತ್ತು. ಹೊಲಿಗೆ ಬಹಳ ಅಚ್ಚುಕಟ್ಟು. ಬೂಟುಗಳನ್ನು ಬಿಚ್ಚಿಟ್ಟರೆ ತುದಿಗಳು ಬಾಗಿಲ ಕಡೆಗೇ ಇರುತ್ತಿದ್ದವು.

ಅಕ್ಕಲಕೋಟೆಗೆ ಮೊದಲು ಸೋಲಾಪುರದಲ್ಲೇ ಒಮ್ಮೆ ಆಡಿ ನೋಡೋಣವೆಂದು ನಾನೇ ಸೂಚಿಸಿದೆ. ಸಂಕ್ರಾಂತಿಯ ನಂತರದ ಅರಿಶಿನ-ಕುಂಕುಮದ ದಿನಗಳು. ನಮ್ಮ ಓಣಿಯ ಮಹಿಳಾ ಮಂಡಳದಲ್ಲಿ ನಲವತ್ತು ಹೆಂಗಸರಾದರೂ ಸೇರುತ್ತಿದ್ದರು. ಅಧ್ಯಕ್ಷೆ ಒಬ್ಬ ಡಾಕ್ಟರರ ಹೆಂಡತಿ, ಒಪ್ಪಿದರು.

ಟೋಪಿಯ ಆಟಕ್ಕೆ ಹೆಂಗಸರು ಮುಗುಳ್ನಕ್ಕರು. ಟೆಲಿಫೋನಿಗೆ ಎರಡು ಮೂರು ಕಡೆ ಸರಿಯಾಗಿಯೇ ನಕ್ಕರು. ಸ್ಟೇಶನ್ನಿನ ಆಟ ಅವರ ಎಲ್ಲಕ್ಕಿಂತ ಪಕ್ವವಾದ ಆಟ. ವಿಲಾಯತಿಯಲ್ಲಿ ಜನ ಖುರ್ಚಿಯಿಂದ ಬೀಳುತ್ತಿದ್ದರಂತೆ. ಅದರಲ್ಲಿ ಹೆಂಡತಿ ಜನರ ಗರ್ದಿಯಲ್ಲಿ ಗಂಡನನ್ನು ಅವನ ಹೆಸರು ಹಿಡಿದು ಕೂಗುತ್ತಾಳೆ. ಮೊದಲು ನಯವಾಗಿ, ಆಮೇಲೆ ಸಿಟ್ಟಿನಿಂದ, ಆಮೇಲೆ ಹಾಡಿನ ಧಾಟಿಯಲ್ಲಿ, ಕೊನೆಗೆ ಅಳುತ್ತ. ನಾನು ಗೆರೆಯ ಮೇಲೆ ನಿಂತು, "ಈಕೆ ತನ್ನ ಗಂಡನ ಹೆಸರು ಕೂಗುತ್ತಿದ್ದಾಳೆ," ಎಂದು ಸ್ಪಷ್ಟವಾಗಿ ಹೇಳಿದೆ.

ಎರಡನೆಯ ಕೂಗಿಗೇ ಸದ್ದಡಗಿತು. ಮೂರನೆಯದಕ್ಕೆ ಮುಂದಿನ ಸಾಲಿನ ಒಬ್ಬಾಕೆ ಸೆರಗಿನಿಂದ ಕಣ್ಣೊತ್ತಿಕೊಂಡಳು. ಅವಳನ್ನು ನೋಡಿ ಪಕ್ಕದವಳೂ ಒತ್ತಿಕೊಂಡಳು. ನಟಿ ಕೊನೆಯ ಅಳುವಿಗೆ ಬಂದಾಗ ಒಬ್ಬ ಅಜ್ಜಿ ಎದ್ದು ಬಂದು ಅವರ ಬೆನ್ನು ಸವರಿ, "ಸಾಕ ಬಿಡವ್ವಾ, ಹೋದವರು ಬರೂದಿಲ್ಲ," ಎಂದು ಒಂದು ಲೋಟ ನೀರು ಕೈಗೆ ಕೊಟ್ಟಳು. ಆಮೇಲೆ ನನ್ನನ್ನು ಕೇಳಿದಳು: "ಯಾವಾಗ ಹೋದ್ನವ್ವಾ ಈಕಿ ಗಂಡ? ಎಳೇ ವಯಸ್ಸೇನು?"

ನಾನು ಇಲ್ಲವೆನ್ನುವಷ್ಟರಲ್ಲಿ ಅರಿಶಿನ-ಕುಂಕುಮದ ತಟ್ಟೆ ಹೊರಟಿತು. ಹಣೆಯಿಂದ ಹಣೆಗೆ ಬಂತು, ನನಗೆ ಹಚ್ಚಿದರು, ನಟಿಯ ಮುಂದೆ ಬಂದಾಗ ಅಧ್ಯಕ್ಷೆ ಕಣ್ಣು ತಗ್ಗಿಸಿ ತಟ್ಟೆಯನ್ನು ದಾಟಿಸಿಕೊಂಡು ಹೋದರು. ಅವಮಾನ ಮಾಡಲಿಲ್ಲ. ನೋವಾಗಬಾರದೆಂದು ಬಹಳ ಮೃದುವಾಗಿ ದಾಟಿಸಿದರು. ಕುಸುರೆಳ್ಳನ್ನು ಮಾತ್ರ ಇತರರಿಗಿಂತ ಹೆಚ್ಚು ಕೊಟ್ಟರು.

ಟಾಂಗಾದಲ್ಲಿ ಅವರು ಕೇಳಿದ್ದು ಒಂದೇ ಪ್ರಶ್ನೆ. "ಆ ತಟ್ಟೆ ನನ್ನನ್ನೇಕೆ ದಾಟಿಹೋಯಿತು?"

ನಾನು ಹೇಳಿದೆ. ನಮ್ಮಲ್ಲಿ ಹೆಂಡತಿ ಗಂಡನ ಹೆಸರು ಹೇಳುವುದಿಲ್ಲ. ಹೆಸರು ಹಿಡಿದು ಕೂಗಿ ಅತ್ತರೆ ಅವನು ಸತ್ತಿರಬೇಕು. ಸತ್ತಿದ್ದರೆ ಅವಳಿಗೆ ಕುಂಕುಮವಿಲ್ಲ.

ಅವರು ಕುದುರೆಯ ಕಿವಿಗಳ ಕಡೆ ನೋಡಿದರು. "ನನಗೆ ಗಂಡನೇ ಇರಲಿಲ್ಲ," ಎಂದರು. "ವೇದಿಕೆಯ ಮೇಲೆ ಹತ್ತೊಂಬತ್ತು ವರ್ಷ ಒಬ್ಬನಿದ್ದ. ಅವನೀಗ ಹಡಗಿನಲ್ಲಿದ್ದಾನೆ." ಆಮೇಲೆ, "ಇದು ನಿಮಗೆ ಮೊದಲೇ ಗೊತ್ತಿರಲಿಲ್ಲವೇ?" ಎಂದರು.

ಗೊತ್ತಿತ್ತು. ನಾನೇ ಮದುವೆಯಾದಂದಿನಿಂದ ನನ್ನ ಗಂಡನ ಹೆಸರು ಬಾಯಿಯಿಂದ ಹೇಳಿರಲಿಲ್ಲ. ಆದರೆ ಎರಡು ವಾರ ಆ ಕೂಗನ್ನು ನಾನು ಇಂಗ್ಲಿಷಿನಲ್ಲಿ ಕೇಳಿದ್ದೆ. ಇಂಗ್ಲಿಷಿನಲ್ಲಿ ಕೇಳುವಾಗ ನಾನು ಇನ್ನೂ ಸಾಲಿಯ ಬೆಂಚಿನ ಮೇಲಿನ ಹುಡುಗಿಯೇ, ಸಂಸಾರಸ್ಥೆಯಲ್ಲ. ಶಬ್ದಗಳನ್ನು ದಾಟಿಸುವುದೇ ನನ್ನ ಕೆಲಸ ಎಂದುಕೊಂಡಿದ್ದೆ. ಆ ಕೆಲಸವನ್ನು ತಪ್ಪಿಲ್ಲದೆ ಮಾಡಿದ್ದೆ.

ಮರುದಿನ ಬಂಗಲೆಗೆ ಹೋದಾಗ ನೆಲದ ಗೆರೆಗಳನ್ನು ಒರೆಸಿಬಿಟ್ಟಿದ್ದರು. ಟ್ರಂಕು ಮುಚ್ಚಿತ್ತು. ಏಜೆಂಟನಿಗೆ ಬರೆದ ಕಾಗದ ಮೇಜಿನ ಮೇಲಿತ್ತು, ಲಕೋಟೆಗಿನ್ನೂ ಹಾಕಿರಲಿಲ್ಲ. ಆರು ದಿನ ಉಳಿದಿದ್ದವು. ನಾನು ಸಮಾಧಾನ ಹೇಳಲಿಲ್ಲ. ನನಗೆ ಅದು ಬರುವುದೂ ಇಲ್ಲ. ಕೊನೆಗೆ ಅವರೇ ಕೇಳಿದರು, ಜಗಳದ ಧ್ವನಿಯಲ್ಲಿ: "ಹಾಗಾದರೆ ನಿಮ್ಮ ಹೆಂಗಸರ ಗಂಡ ಸ್ಟೇಶನ್ನಿನಲ್ಲಿ ನಿಜವಾಗಿ ಕಳೆದುಹೋದರೆ ಏನು ಮಾಡುತ್ತಾರೆ?"

"ನಮ್ಮ ಅತ್ತೆಯವರಿಗೆ ಒಮ್ಮೆ ಹಾಗಾಗಿತ್ತು," ಎಂದೆ.

"ನಡೆಯಿರಿ," ಎಂದು ಅವರು ಕೊಡೆ ತೆಗೆದುಕೊಂಡರು.

ಅತ್ತೆ ಅಂಗಳದಲ್ಲಿ ಶೇಂಗಾ ಸುಲಿಯುತ್ತಿದ್ದರು. ಮೇಮಸಾಹೇಬರು ಬಂದು ಅವರೆದುರು ಕಟ್ಟೆಯ ಮೇಲೆ ಕುಳಿತಾಗ ಎದ್ದುನಿಲ್ಲಲು ಹೋಗಿ, ಅವರು ಬೇಡವೆಂದಾಗ ಮತ್ತೆ ಕೂತರು. ನಾನು ವಿಷಯ ಹೇಳಿದೆ.

"ಹೋಟಗಿ ಸ್ಟೇಶನ್ನಿನ ಮಾತೇನು? ಅದನ್ನ ಕೇಳಾಕ ಬಂದಾಳೇನು ಈಕಿ?"

"ಹೌದ್ರಿ. ಪೂರಾ ಹೇಳ್ರಿ, ನಾ ಆಕಿಗಿ ಹೇಳ್ತೀನಿ."

"ಏನೈತಿ ಹೇಳೂದು. ವಿಜಾಪುರದ ಗಾಡಿ ಬದಲಿ ಮಾಡೂ ಮುಂದ ನಿಮ್ಮ ಮಾವನವರು ಗರ್ದ್ಯಾಗ ಎಲ್ಲಿ ಹ್ವಾದ್ರೋ. ನಾ ಮಾಸ್ತರನ ಹಂತ್ಯಾಕ ಹೋಗಿ, ನಮ್ಮನಿಯವರು ಕಾಣವಲ್ರು ಅಂದೆ. 'ಹೆಸರೇನು?' ಅಂದ. ನಾ ಸುಮ್ಮನ ನಿಂತೆ. 'ಮರತಿಯೇನು?' ಅಂದ. ಮರೀಲಿಲ್ರಿ, ಹೇಳಾಕ ಬರಂಗಿಲ್ಲ ಅಂದೆ. ಅಂವ ಮರಾಠಿಯಂವ, ಸಿಟ್ಟಿನಂವ. 'ಹೆಸರು ಹೇಳಲಿಲ್ಲಂದ್ರ ನಾ ಯಾರನ್ನ ಹುಡುಕಲಿ?' ಅಂದ. ನಾ ಕೈಲೆ ತೋರಿಸಿದೆ, ಇಷ್ಟ ಎತ್ತರ, ಇಂಥಾ ಮೀಸಿ, ಹೊಟ್ಟಿ ಇಷ್ಟ ಮುಂದ. 'ಇಂಥಾವರು ಇಲ್ಲೆ ಐವತ್ತು ಮಂದಿ ಅದಾರ,' ಅಂದ." ಅತ್ತೆ ಶೇಂಗಾ ಕೆಳಗಿಟ್ಟು, ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿ, ಬಾಯಿಗೆ ಅಡ್ಡ ಹಿಡಿದು, ಆ ಮಾಸ್ತರನ ಮುಂದೆ ನಿಂತ ಹಾಗೆಯೇ ನಿಂತರು. "ಕಡೀಕ ನನಗೂ ಸಿಟ್ಟ ಬಂತು. ಪ್ಲಾಟಫಾರಮ್ ಮ್ಯಾಲ ನಿಂತು, ಮನ್ಯಾಗ ಕರದಂಗ, 'ಏನ್ರೀ' ಅಂತ ಒದರಿಬಿಟ್ಟೆ. ಅಲ್ಲಿದ್ದ ಗಂಡಸರೆಲ್ಲಾ ತಿರುಗಿ ನೋಡಿದ್ರು."

"ಮಾವನವರು?"

"ಅವರೊಬ್ಬರ ನೋಡಲಿಲ್ಲ. ಆ ಕಡೆ ಮಾರಿ ಮಾಡಿ ಭಜಿ ತಿನ್ನಾಕತ್ತಿದ್ರು."

ನಾನು ಇಂಗ್ಲಿಷಿನಲ್ಲಿ ಹೇಳಿ ಮುಗಿಸುವ ಮೊದಲೇ ನಟಿಯ ಕೈ ಆಡತೊಡಗಿತ್ತು. ತಮ್ಮ ಶಾಲನ್ನು ತಲೆಯ ಮೇಲೆ ಎಳೆದು, ತುದಿಯನ್ನು ಬೆರಳಿಗೆ ಸುತ್ತಿದರು.

"ಹಂಗಲ್ಲವ್ವಾ," ಎಂದು ಅತ್ತೆ ಅವರ ಕೈ ಹಿಡಿದು ಬಿಚ್ಚಿದರು. "ಕಳ್ಳರಂಗ ಮಾಡ್ತೀಯಲ್ಲ. ನಾಚಿಕಿ ಬ್ಯಾರೆ, ಅಂಜಿಕಿ ಬ್ಯಾರೆ. ಇದು ನಾಚಿಕಿ. ಮಾಸ್ತರಗ ಅಂಜೂದಿಲ್ಲ ನಾ."

ನಾನು ಇದನ್ನು ಹೇಳಿದಾಗ ನಟಿ ಅತ್ತೆಯವರ ಕಡೆ ತಿರುಗಿದರು. "ಇಷ್ಟು ಒಳ್ಳೆಯ ಸೂಚನೆ ಕೊಟ್ಟ ನಿರ್ದೇಶಕರು ನನಗೆ ಇಬ್ಬರೇ ಸಿಕ್ಕಿದ್ದಾರೆ," ಎಂದರು. ಅತ್ತೆಗೆ ಅದನ್ನು ಹೇಳಿದೆ. ಅವರು ಶೇಂಗಾ ಸುಲಿಯುವುದನ್ನು ಮುಂದುವರಿಸಿದರು, ಆದರೆ ಒಳಗಿನಿಂದ ತಮ್ಮ ಇಳಕಲ್ ಸೀರೆಯೊಂದನ್ನು ತರಲು ಹೇಳಿದರು. "ಕೊಡ್ತೀನಿ. ಆದ್ರ ನಮ್ಮನ್ನ ಆಡಿಕೊಂಡಂಗ ಆಗಬಾರದು, ಹೇಳು ಆಕಿಗಿ." ನಟಿ ಉತ್ತರ ಕೊಟ್ಟರು: ನಾನು ಯಾರನ್ನು ಆಡುತ್ತೇನೋ ಅವರು ನನಗಿಂತ ಚಿಕ್ಕವರಲ್ಲ.

ಹೊಸ ಆಟದಲ್ಲಿ ಅನುವಾದಕ್ಕೆ ಜಾಗವಿರಲಿಲ್ಲ. ನಟಿಗೆ ಇಡೀ ಆಟದಲ್ಲಿ ಒಂದೇ ಮಾತು: ಏನ್ರೀ. ಉಳಿದದ್ದೆಲ್ಲ ಸ್ಟೇಶನ್ ಮಾಸ್ತರನ ಪ್ರಶ್ನೆಗಳು, ಅವು ಕನ್ನಡದಲ್ಲಿರಬೇಕು. ಮಾಸ್ತರ ಕಂಬದಂತೆ ಇರಬೇಕು. ಆ ಪಾತ್ರ ನೀವು ಮಾಡಿ ಎಂದು ನಟಿ ನನ್ನನ್ನು ಕೇಳಲಿಲ್ಲ. ನನ್ನ ಕಡೆ ನೋಡಿ ಕಾದರು, ಅಷ್ಟೆ. ಗೆರೆಯ ಮೇಲೆ ನಿಂತು ಇನ್ನೊಬ್ಬರ ಮಾತು ಹೇಳುವುದು ಒಂದು. ಗಂಡಸಿನ ಟೋಪಿ ಹಾಕಿಕೊಂಡು ಪಾತ್ರವಾಗುವುದು ಬೇರೆ. ಅದು ಸೋಲಾಪುರದಲ್ಲಿ ವಕೀಲರ ಹೆಂಡತಿ ಮಾಡುವ ಕೆಲಸವಾಗಿರಲಿಲ್ಲ. ಅಲ್ಲಿಯೇ "ಮಾಡುತ್ತೇನೆ" ಎಂದೆ. ಮನೆಯಲ್ಲಿ ಹೇಳಿದ್ದು ಆಮೇಲೆ.

ನನ್ನ ಗಂಡ ಊಟ ಬಿಟ್ಟು ನೋಡಿದರು. "ಪಾತ್ರ ಮಾಡ್ತೀಯೇನು? ಗಂಡಸಿಂದು?"

ಅತ್ತೆಯೇ ಉತ್ತರ ಕೊಟ್ಟರು. "ಟೊಪಿಗಿ ಹಾಕ್ಕೊಂಡು ಮಂದೀಗಿ ಪ್ರಶ್ನೆ ಕೇಳೂದಕ್ಕ ಪಾತ್ರ ಅಂತಾರೇನಪಾ? ಹಂಗಾರ ನೀ ದಿನಾ ಕೋರ್ಟಿನ್ಯಾಗ ಏನ್ ಮಾಡ್ತಿ?"

ಐದು ದಿನದ ತಾಲೀಮು. ಹನ್ನೊಂದು ಪ್ರಶ್ನೆಗಳನ್ನು ಇಟ್ಟುಕೊಂಡು ಏಳಕ್ಕೆ ಇಳಿಸಿದೆವು. ಯಾವ ಹೆಸರನ್ನೂ ಆಟದಲ್ಲಿ ತರಬಾರದೆಂದು ಅತ್ತೆ ಎಚ್ಚರಿಸಿದ್ದರು. ನಾವು ಯಾವ ಹೆಸರು ಹೇಳಿದರೂ ಅದು ಕೂತವರಲ್ಲಿ ಯಾರದೋ ಗಂಡನದೋ ಮಾವನದೋ ಆಗಿರುತ್ತದೆ, ಅವಳು ಅಲ್ಲಿಂದ ಮುಂದೆ ತಲೆ ಎತ್ತುವುದಿಲ್ಲ. ನಾನು ನಟಿಯ ಮುಖ ನೋಡಬಾರದು, ಮೇಜಿನ ಮೇಲಿನ ರಿಜಿಸ್ಟರ್ ಪುಸ್ತಕ ನೋಡಬೇಕು. ಪ್ರಶ್ನೆ ಕೇಳಿ, ಮನಸ್ಸಿನಲ್ಲಿ ಆರು ಎಣಿಸಿ, ಮತ್ತೆ ಅದೇ ಪ್ರಶ್ನೆ.

ತೊಂದರೆಯೆಂದರೆ ನನಗೆ ನಗು ತಡೆಯಲಾಗುತ್ತಿರಲಿಲ್ಲ. ಗಂಡನ ಹೊಟ್ಟೆಯನ್ನು ಅವರು ಕೈಯಿಂದ ತೋರಿಸುವ ಜಾಗಕ್ಕೆ ಬಂದರೆ ಸಾಕು, ಪ್ರತಿ ಸಲವೂ ಕೆಟ್ಟುಹೋಗುತ್ತಿತ್ತು. ಮೂರನೆಯ ದಿನ ಅವರು ಸಿಟ್ಟಾಗಲಿಲ್ಲ, ಮಸಿಯ ದೌತಿ, ಬರೆಯುವ ಲೆಕ್ಕಣಿಕೆ ತಂದಿಟ್ಟರು. "ನಿಜವಾಗಿ ಬರೆಯಿರಿ. ಬರೆಯುವವರು ನಗುವುದಿಲ್ಲ." ಏನು ಬರೆಯಲಿ ಎಂದರೆ ನಿಮಗೆ ಬರುವುದನ್ನು ಎಂದರು. ನಾನು ಶೇಂಗಾ ಚಟ್ನಿ ಮಾಡುವ ಕ್ರಮ ಬರೆಯತೊಡಗಿದೆ, ಎಷ್ಟು ಬೆಳ್ಳುಳ್ಳಿ, ಎಷ್ಟು ಖಾರ, ಎಷ್ಟು ಕುಟ್ಟಬೇಕು. ನಗು ನಿಂತಿತು. ಅಕ್ಕಲಕೋಟೆಯ ಹೊತ್ತಿಗೆ ನನ್ನ ರಿಜಿಸ್ಟರಿನಲ್ಲಿ ಆರು ಬಗೆಯ ಚಟ್ನಿಗಳಿದ್ದವು.

ಬೆಳಿಗ್ಗೆ ಬಾಡಿಗೆ ಮೋಟಾರಿನಲ್ಲಿ ಹೊರಟೆವು. ಕುಂಭಾರಿ ದಾಟುವಾಗ ನಟಿ ಪ್ರಶ್ನೆಗಳನ್ನು ನನ್ನಿಂದ ಒಪ್ಪಿಸಿಕೊಂಡರು. ವಳಸಂಗದ ಹತ್ತಿರ ಗಾಲಿಯ ಗಾಳಿ ಹೋಗಿ, ಮುಕ್ಕಾಲು ತಾಸು ಜೋಳದ ಹೊಲದ ಬದುವಿನ ಮೇಲೆ ಕುಳಿತಾಗ ಇನ್ನೊಮ್ಮೆ ಒಪ್ಪಿಸಿಕೊಂಡರು. ವಾಡೆ ಮುಟ್ಟುವಾಗ ಏಜೆಂಟ್ ಆಗಲೇ ಬಂದಿದ್ದ. ಬಿಳಿಯ ಮೀಸೆಯ, ದೊಡ್ಡ ಮೈಯ ಇಂಗ್ಲಿಷಿನವನು. ನಾಲ್ಕು ಆಟ ಬಿಟ್ಟು ಯಾರೂ ಕೇಳದ ಹೊಸದೊಂದನ್ನು ಆಡುತ್ತೇವೆ ಎಂದು ತಿಳಿದು, "ಈ ವಯಸ್ಸಿನಲ್ಲಿ ಜೂಜೇ?" ಎಂದ. ಹೆಂಗಸರ ಕಡೆಗೆ ಅವನನ್ನು ಬಿಡುವಂತಿರಲಿಲ್ಲ. ಹೊರಗಿನ ಪಡಸಾಲೆಯಲ್ಲಿ, ಬಿದಿರು ಕಡ್ಡಿಯ ಚಿಕ್ಕಿನ ಪರದೆಯ ಆಚೆ ಅವನಿಗೆ ಖುರ್ಚಿ ಹಾಕಿದ್ದರು. ಅವನಿಗೆ ಬೆಳಕಿನಲ್ಲಿದ್ದ ನಮ್ಮ ಮೇಜಷ್ಟೇ ಕಾಣುತ್ತಿತ್ತು. ಹೆಂಗಸರನ್ನು ಕಿವಿಯಿಂದಲೇ ಅಳೆಯಬೇಕಾಗಿತ್ತು.

ಒಳಗೆ ಮೂವತ್ತು ಜನ. ನಡುವೆ ಎತ್ತರದ ಗಾದಿಯ ಮೇಲೆ ವಾಡೆಯ ಹಿರಿಯ ಬಾಯಿಸಾಹೇಬರು, ಎಪ್ಪತ್ತು ದಾಟಿದವರು, ವಿಧವೆ. ಅವರ ಎರಡೂ ಬದಿಗೆ ಸೊಸೆಯಂದಿರು, ಮೊಮ್ಮಕ್ಕಳ ಹೆಂಡಂದಿರು, ನಂಟರು. ಅರಿಶಿನ-ಕುಂಕುಮದ ತಟ್ಟೆ ಮೊದಲೇ ತಿರುಗಿತ್ತು.

ನಾನು ಟೋಪಿ ಹಾಕಿಕೊಂಡು ಮೇಜಿನ ಹಿಂದೆ ಕುಳಿತೆ. ನಟಿ ಇಳಕಲ್ ಸೀರೆಯಲ್ಲಿ ಬಂದರು. ಏನು ಬೇಕು ಎಂದೆ. ಗಂಡ ಇಲ್ಲವೆಂದು ಕೈಯಿಂದ ಹೇಳಿದರು. "ಹೆಸರೇನು?" ಎಂದೆ. ಸೆರಗಿನ ತುದಿ ಬೆರಳಿಗೆ ಸುತ್ತಿತು.

ಸದ್ದಿಲ್ಲ. ಆರು ಎಣಿಸಿ ಮತ್ತೆ ಕೇಳಿದೆ. ಸದ್ದಿಲ್ಲ. ಎತ್ತರ, ಮೀಸೆ, ಹೊಟ್ಟೆ ಎಲ್ಲ ಆಯಿತು. ಚಿಕ್ಕಿನ ಆಚೆ ಖುರ್ಚಿ ಕಿರುಗುಟ್ಟಿದ್ದು ನನಗೆ ಕೇಳಿಸಿತು, ಅಷ್ಟು ಮೌನ. ಮಂಡಳದ ಮೌನವೇ ಇದು ಎಂದುಕೊಂಡೆ. ಬೆಳ್ಳುಳ್ಳಿಯ ಎಸಳು ಎಷ್ಟು ಎಂದು ಬರೆಯುತ್ತಿದ್ದವಳ ಕೈ ನಿಂತಿತು. ಆಗ ನಟಿ ಮೇಜಿನ ಮೇಲೆ ಬಾಗಿ, ಅಳುವವರ ಮುಖ ಮಾಡಿಕೊಂಡೇ, ತುಟಿ ಅಲುಗದಂತೆ ಇಂಗ್ಲಿಷಿನಲ್ಲಿ ಅಂದರು: "ಅವರ ಭುಜ ನೋಡಿ."

ನಿಯಮ ಮುರಿದು ತಲೆ ಎತ್ತಿದೆ. ಸೊಸೆಯಂದಿರೆಲ್ಲ ಸೆರಗನ್ನು ಬಾಯಿಗೆ ತುರುಕಿಕೊಂಡಿದ್ದರು. ಭುಜಗಳು ಕುಲುಕುತ್ತಿದ್ದವು. ಅತ್ತೆಯ ಎದುರಿಗೆ ಸೊಸೆ ಸದ್ದು ಮಾಡಿ ನಗುವಂತಿಲ್ಲ. ಹಿರಿಯ ಬಾಯಿಸಾಹೇಬರು ನಕ್ಕಿರಲಿಲ್ಲ. ಚಿಕ್ಕಿನ ಆಚೆ ಕುಳಿತವನಿಗೆ ಭುಜ ಕಾಣುವಂತಿರಲಿಲ್ಲ.

ಮುಂದಿನ ಪ್ರಶ್ನೆ ಕೇಳಿದೆ, ಸ್ವಲ್ಪ ಗಡುಸಾಗಿಯೇ. "ಹೆಸರು ಹೇಳಲಿಲ್ಲಂದ್ರ ನಾ ಯಾರನ್ನ ಹುಡುಕಲಿ?"

"ಏ ಮಾಸ್ತರ," ಎಂದು ಗಾದಿಯ ಮೇಲಿಂದ ಧ್ವನಿ ಬಂತು. "ಆಕಿನ್ನ ಯಾಕ ಗೋಳಾಡಸ್ತಿ? ಹೇಳಾಕ ಬರಂಗಿಲ್ಲಂತ ಕಾಣಸೂದಿಲ್ಲೇನು ನಿನಗ?"

ಇದು ತಾಲೀಮಿನಲ್ಲಿ ಇರಲಿಲ್ಲ. ನಟಿ ಥಟ್ಟನೆ ತಿರುಗಿ, ತವರಿನವರು ಸಿಕ್ಕಂತೆ ಗಾದಿಯ ಕಡೆ ಓಡಿ, ಬಾಯಿಸಾಹೇಬರ ಕಾಲ ಬಳಿ ಕುಳಿತು ನನ್ನತ್ತ ದೂರುವ ಕೈ ತೋರಿಸಿದರು.

ನಾನು ಮಾಸ್ತರನಾಗಿಯೇ ಉಳಿದೆ. "ಹಂಗಾರ ನೀವ ಹೇಳ್ರಿ ಬಾಯಿಸಾಹೇಬ, ಹೆಸರ ಹೇಳೂದು ಏನ ದೊಡ್ಡ ಮಾತು?"

"ಏನೂ ಇಲ್ಲ. ನನಗ ಈಗ ಯಾರ ಅಡ್ಡಿ? ಅವರು ಹೋಗಿ ಭಾಳ ವರ್ಷಾತು. ನಾ ಹೇಳಿ ತೋರಸ್ತೀನಿ, ಈಕಿಗೂ ಧೈರ್ಯ ಬರತದ." ಬಾಯಿಸಾಹೇಬರು ನೆಟ್ಟಗೆ ಕೂತರು. "ನಮ್ಮವರ ಹೆಸರು," ಎಂದರು. ಬಾಯಿ ತೆರೆದೇ ಇತ್ತು. ಮುಚ್ಚಿದರು. "ನಮ್ಮವರ ಹೆಸರು," ಎಂದು ಮತ್ತೊಮ್ಮೆ ಶುರುಮಾಡಿದರು. ಅವರ ಕೈ ತಾನಾಗಿ ಸೆರಗಿನ ತುದಿಗೆ ಹೋಗಿ ಬೆರಳಿಗೆ ಸುತ್ತಿಕೊಳ್ಳತೊಡಗಿತು. ಅದನ್ನು ಅವರೇ ನೋಡಿಕೊಂಡರು.

ಮೊದಲು ಕೆಮ್ಮಿದಂತೆ ಕೇಳಿಸಿತು. ಆಮೇಲೆ ಬಾಯಿಸಾಹೇಬರು ಗಾದಿಗೆ ಒರಗಿ ಗಟ್ಟಿಯಾಗಿ ನಗತೊಡಗಿದರು. ಅಪ್ಪಣೆ ಸಿಕ್ಕಂತಾಗಿ ಮೂವತ್ತು ಸೆರಗುಗಳು ಒಮ್ಮೆಲೇ ಬಾಯಿಯಿಂದ ಇಳಿದವು. ನಟಿ ಎದ್ದು ನಡುಮನೆಗೆ ಬಂದು, ಸೊಂಟಕ್ಕೆ ಕೈಕೊಟ್ಟು, "ಏನ್ರೀ" ಎಂದು ಕೂಗಿ, ಆಮೇಲೆ ತಾವೇ ಪ್ಲಾಟ್‌ಫಾರ್ಮಿನ ಒಬ್ಬೊಬ್ಬ ಗಂಡಸಾಗಿ ತಿರುಗಿ ನೋಡಿದರು: ಬೀಡಿಯವನು, ಹಮಾಲ, ಪೂಜಾರಿ, ಫೌಜದಾರ. ಕೊನೆಗೆ ಬೆನ್ನು ತಿರುಗಿಸಿ ಭಜಿ ತಿನ್ನುವವನು. ಒಬ್ಬ ಸೊಸೆಗೆ ಬಿಕ್ಕಳಿಕೆ ಹತ್ತಿ ಎಬ್ಬಿಸಿಕೊಂಡು ಹೋಗಬೇಕಾಯಿತು.

ಏಜೆಂಟನಿಗೆ ಅಷ್ಟು ಸಾಕಾಗಲಿಲ್ಲ. ನಾನು ಚಿಕ್ಕಿನ ಹತ್ತಿರ ಹೋದಾಗ, "ಅರ್ಧ ಆಟ ಮಸಣದಂತೆ ಇತ್ತು. ಆಮೇಲೆ ಒಬ್ಬ ಮುದುಕಿ ನಡುವೆ ಮಾತಾಡಿದಳು, ಎಲ್ಲರೂ ನಕ್ಕರು. ಅದು ಆಟದ ಗುಣವೋ ಮುದುಕಿಯ ಗುಣವೋ?" ಎಂದ. ನಾನು ಪದ್ಧತಿಯನ್ನು ವಿವರಿಸಿದೆ. ಹೆಸರು ಹೇಳದಿರುವುದರಲ್ಲಿ ಕಾಲು ತಾಸು ನಗುವಂಥದ್ದೇನಿದೆ, ಮುಂದಿನ ಊರಿನವರಿಗೆ ನಾನು ಏನೆಂದು ಬರೆಯಲಿ ಎಂದ. ನಟಿ ಸೀರೆಯಲ್ಲೇ ಗೋಡೆಗೆ ಒರಗಿ ನಿಂತು ಕೇಳುತ್ತಿದ್ದರು.

"ಅಂವ ಏನಂತಾನವ್ವಾ?" ಎಂದರು ಬಾಯಿಸಾಹೇಬರು. ಹೇಳಿದೆ.

"ಅದಕ್ಕೇನು? ಮುಂದಿನ ವಾಡೇದಾಗ ನನ್ನ ತಂಗಿ ಅದಾಳ. ಅದರ ಮುಂದಿನ ಊರಾಗ ಮಗಳನ್ನ ಕೊಟ್ಟೀನಿ. ನಾ ಚೀಟಿ ಬರಸಿ ಕೊಡ್ತೀನಿ, ಈಕಿನ್ನ ಕರಸ್ರಿ, ಹೊಟ್ಟಿ ಹುಣ್ಣಾಗೂ ಹಂಗ ನಗ್ರಿ ಅಂತ. ಮಾಸ್ತರ ಆಗಾಕ ಅಲ್ಲೂ ಸಾಲಿ ಕಲತ ಸೊಸೆದೇರು ಅದಾರ. ಕೂಡು, ಬರಿ."

ನಾನು ರಿಜಿಸ್ಟರಿನ ಒಂದು ಹಾಳೆ ಹರಿದುಕೊಂಡು ಬರೆಯತೊಡಗಿದೆ. ವಾಡೆಯ ಕಾಗದಗಳಿಗೆ ಒಂದು ರೀತಿಯಿತ್ತು. ಮೊದಲು ಯಾರು ಬರೆಸಿದ್ದು ಎಂದಿರಬೇಕು: ಕೈಲಾಸವಾಸಿ ಇಂಥವರ ಪತ್ನಿ ಎಂದು. ಅಲ್ಲಿಗೆ ಬಂದು ಲೆಕ್ಕಣಿಕೆ ನಿಲ್ಲಿಸಿದೆ. ಮನೆತನ ಗೊತ್ತಿತ್ತು, ಹಿರಿಯರ ಹೆಸರು ಗೊತ್ತಿರಲಿಲ್ಲ. "ಹೆಸರು?" ಎಂದೆ.

ಬಾಯಿಸಾಹೇಬರು ಹಿರಿಯ ಸೊಸೆಯನ್ನು ನೋಡಿದರು. ಅವಳಿಗೆ ಅವರು ಮಾವ, ತಲೆ ತಗ್ಗಿಸಿದಳು. ಎರಡನೆಯವಳೂ ತಗ್ಗಿಸಿದಳು. ಮೊಮ್ಮಕ್ಕಳ ಹೆಂಡಂದಿರು ಒಬ್ಬರನ್ನೊಬ್ಬರು ನೋಡಿಕೊಂಡರು. ಬಾಗಿಲಲ್ಲಿದ್ದ ಕೆಲಸದಾಕೆಯನ್ನು ಕೇಳಿದೆ. "ಒಡೇರ ಹೆಸರು ನಾ ತಗೋಬೇಕೇನ್ರಿ?" ಎಂದು ಅವಳು ಹಿಂದೆ ಸರಿದಳು. ಬರೆದು ತೋರಿಸಲು ಅಕ್ಷರ ಬಲ್ಲವರಿಗೂ ಕೈ ಬರಲಿಲ್ಲ. ಲೆಕ್ಕಣಿಕೆಯ ತುದಿಯಿಂದ ಮಸಿ ಹಾಳೆಯ ಮೇಲೆ ಬಿತ್ತು.

ಬೇರೆ ದಾರಿ ಕಾಣದೆ ಚಿಕ್ಕಿನ ಕಡೆ ತಿರುಗಿ ಇಂಗ್ಲಿಷಿನಲ್ಲಿ ಕೇಳಿದೆ: "ನಿಮಗೆ ಬಂದ ಆಮಂತ್ರಣದಲ್ಲಿ ಈ ಮನೆಯ ದಿವಂಗತ ಯಜಮಾನರ ಹೆಸರಿದೆಯೇ?"

"ಇದೆ. ಅವರ ಮನೆಯಲ್ಲಿ ಕುಳಿತು ನನ್ನನ್ನೇಕೆ ಕೇಳುತ್ತೀರಿ?"

"ಇಲ್ಲಿ ಮೂವತ್ತು ಜನ ಇದ್ದಾರೆ. ಯಾರಿಗೂ ಹೇಳಲು ಬರುವುದಿಲ್ಲ."

ಆಚೆ ಏನೂ ಕೇಳಿಸಲಿಲ್ಲ. ನಾನು ಅಭ್ಯಾಸದಿಂದ ಮನಸ್ಸಿನಲ್ಲೇ ಎಣಿಸುತ್ತಿದ್ದೆ. ನಾಲ್ಕಕ್ಕೆ ಖುರ್ಚಿ ಕಿರುಗುಟ್ಟಿತು. ಐದಕ್ಕೆ ಆ ದೊಡ್ಡ ಮೈಯ ಮನುಷ್ಯ ನಗತೊಡಗಿದ. ಕಾಗದ ಹುಡುಕಿದ ಸದ್ದು, ನಡುವೆ ಮತ್ತೆ ನಗು. ಕೊನೆಗೆ ಚಿಕ್ಕಿನ ಆಚೆಯಿಂದ ಆ ಹೆಸರನ್ನು ಒಂದೊಂದೇ ಅಕ್ಷರವಾಗಿ ಓದಿದ. ಒಳಗಿದ್ದವರೆಲ್ಲ ತಲೆ ತಗ್ಗಿಸಿದರು. "ಹೌದು, ಅವರ," ಎಂದರು ಬಾಯಿಸಾಹೇಬರು, ಮೆಲ್ಲಗೆ.

ನಾನು ಬರೆದುಕೊಂಡೆ.

"ಬರದೇನವ್ವಾ?"

"ಬರದೀನ್ರಿ."

"ಹಂಗಾರ ಮುಂದ ಬರಿ."

ಆಗ ಏಜೆಂಟ್ ಕೆಮ್ಮಿ ಗಂಟಲು ಸರಿಮಾಡಿಕೊಂಡು, ಅಕ್ಕಲಕೋಟ ರೋಡ್ ಸ್ಟೇಶನ್ನಿನಿಂದ ದಕ್ಷಿಣಕ್ಕೆ ಹೋಗುವ ಗಾಡಿ ಎಷ್ಟು ಹೊತ್ತಿಗೆ ಎಂದು ಕೇಳಿದ. ನಟಿ ಗೋಡೆ ಬಿಟ್ಟು ನೇರ ನಿಂತರು. ನನಗೆ ಆ ವೇಳೆ ಗೊತ್ತಿರಲಿಲ್ಲ. ಗೊತ್ತಿಲ್ಲ ಎಂದೆ, ಮಾಸ್ತರನ ಟೋಪಿ ಇನ್ನೂ ನನ್ನ ತಲೆಯ ಮೇಲೆಯೇ ಇತ್ತು.